ಭೂತನಾಥ ಗುಡಿಯ ಸಂಜೆ ಬಿಸಿಲು

ಹುನಗುಂದದ ದೇವಪ್ಪ ಮದರಾಸಿಗೆ ಹೋಗಿ ಸಿನಿಮಾದವರ ಸಂಗಡ ಸೇರಿದಾಗ ಅವನಿಗಿನ್ನೂ ಮೀಸೆ ಸರಿಯಾಗಿ ಚಿಗುರಿರಲಿಲ್ಲ. ಸಾವಿರದ ಒಂಬೈನೂರ ಎಪ್ಪತ್ತೆಂಟರಲ್ಲಿ ಶೂಟಿಂಗಿಗೆಂದು ಬಾದಾಮಿಗೆ ಬಂದಾಗ ಆ ಮೀಸೆ ನರೆತಿತ್ತು, ಅವನು ಮಾತ್ರ ಅಸಿಸ್ಟೆಂಟ್ ಡೈರೆಕ್ಟರಾಗಿಯೇ ಉಳಿದಿದ್ದ. ನಾಯಕಿ ಹಿಂದಿನ ಶಾಟ್‌ನಲ್ಲಿ ಸೆರಗು ಸೊಂಟಕ್ಕೆ ಸಿಕ್ಕಿಸಿದ್ದಳೋ ಇಳಿಬಿಟ್ಟಿದ್ದಳೋ ನೆನಪಿಡುವುದು, ಕ್ಯಾಮೆರಾ ಮುಂದೆ ಕ್ಲಾಪ್ ಹಲಗೆ ಬಡಿದು ಬದಿಗೆ ಓಡುವುದು, ಡೈರೆಕ್ಟರು ‘ಆ್ಯಕ್ಷನ್’ ಅನ್ನುವ ತನಕ ಉಸಿರು ಬಿಗಿಹಿಡಿದು ನಿಲ್ಲುವುದು. ಮುಂದಿನ ಪಿಕ್ಚರ್ ನಿನಗೇ ಎಂದವರೆಲ್ಲ ಒಳ್ಳೆಯವರೇ. ಮಾತು ಕೊಟ್ಟು ಮರೆತರು, ಅಷ್ಟೆ.

ಹುನಗುಂದದಿಂದ ಬಸ್ಸು ಹಿಡಿದು ನೋಡಲು ಬಂದು ಉಳಿದುಕೊಂಡಿದ್ದ ಹೆಂಡತಿ ಶಾರವ್ವ, ಇಷ್ಟು ವರ್ಷ ಮದರಾಸಿನಲ್ಲಿ ನೀವು ಹಲಗಿ ಬಡಿದು ಓಡುತ್ತಿದ್ದಿರೇನು, ನಾನೇನೋ ದೊಡ್ಡದು ತಿಳಿದಿದ್ದೆ ಎಂದು ನಕ್ಕಿದ್ದಳು. ಅವನೂ ನಕ್ಕಿದ್ದ.

ಮರುದಿನ ಡೈರೆಕ್ಟರು ಜ್ವರ ಬಂದು ಮಲಗಿಬಿಟ್ಟರು. ಸಂಜೆ ಬಿಸಿಲು ಭೂತನಾಥ ಗುಡಿಯ ಕಲ್ಲಿಗೆ ಕೆಂಪು ಬಳಿಯುವ ಹೊತ್ತಿಗೆ ನಾಯಕಿ ಕೊಡ ಹೊತ್ತು ಹೊಂಡದ ಮೆಟ್ಟಿಲು ಇಳಿಯುವ ಶಾಟ್ ಬಾಕಿ ಇತ್ತು. ಚಿತ್ರಕ್ಕೆ ದುಡ್ಡು ಹಾಕಿದ್ದ ಬಾಗಲಕೋಟೆಯ ಹೊಳಬಸಪ್ಪ ಸಾವುಕಾರರು ದೇವಪ್ಪನನ್ನು ಕರೆದರು.

“ಈ ಶಾಟ್ ನೀನ ತಗಿ. ಚಲೋ ಬಂದ್ರ ಮುಂದಿನ ಪಿಕ್ಚರ್ ನಿಂದ. ಖರೆ ಹೇಳ್ತೇನಿ.”

ಆ ಸಾವುಕಾರರು ಆಡಿದ ಮಾತು ನುಂಗುವವರಲ್ಲವೆಂದು ಊರಿಗೇ ಗೊತ್ತಿತ್ತು.

ಕ್ಲಾಪ್ ಬೇರೆಯವರ ಕೈಗೆ ಕೊಡು, ನೀನು ನನ್ನ ಬಾಜೂ ನಿಲ್ಲು ಎಂದ ಕ್ಯಾಮೆರಾದ ಜಹಾಂಗೀರ. “ಬ್ಯಾಡ, ನನ್ನ ಕೈಗೆ ರೂಢಿ ಐತಿ,” ಎಂದ ದೇವಪ್ಪ.

ಬಿಸಿಲು ಕಲ್ಲಿಗೆ ಬಂತು. ಕ್ಯಾಮೆರಾ ಓಡಿತು. ದೇವಪ್ಪ ಹಲಗೆ ಬಡಿದ, ಬದಿಗೆ ಓಡಿದ, ಉಸಿರು ಬಿಗಿಹಿಡಿದು ನಿಂತ.

‘ಆ್ಯಕ್ಷನ್’ ಎಂದು ಯಾರೂ ಅನ್ನಲಿಲ್ಲ. ನಾಯಕಿ ಕೊಡ ಹೊತ್ತು ನಿಂತೇ ಇದ್ದಳು. ಸಾವುಕಾರರು ಇವನ ಮುಖ ನೋಡಿದರು. ಇವನು ಕ್ಯಾಮೆರಾ ಬದಿಯ, ಡೈರೆಕ್ಟರ ಖಾಲಿ ಕುರ್ಚಿ ನೋಡುತ್ತಿದ್ದ. ಕಡೆಗೆ ಜಹಾಂಗೀರನೇ ಕ್ಯಾಮೆರಾ ನಿಲ್ಲಿಸಿ, ಮೆಲ್ಲಗೆ, “ದೇವಪ್ಪ, ಹೇಳಬೇಕಾದಾಂವ ನೀನಪಾ,” ಎಂದ.

ಅವನು ಹೇಳಿದ. ಆದರೆ ಅಷ್ಟರಲ್ಲಿ ಸೂರ್ಯ ಗುಡ್ಡದಾಚೆ ಜಾರಿ, ಗುಡಿ ಬೂದಿಬಣ್ಣಕ್ಕೆ ತಿರುಗಿತ್ತು.

ಯಾರೂ ಬೈಯಲಿಲ್ಲ. ಹೊತ್ತು ಮುಳುಗಿದರೆ ಯಾರೇನು ಮಾಡಿಯಾರು ಎಂದು ಸಾವುಕಾರರು ಧೋತರ ಕೊಡವಿಕೊಂಡು ಎದ್ದರು. ಅಳು ಬರಬಹುದೆಂದು ದೇವಪ್ಪ ಕಾದ. ಬರಲಿಲ್ಲ. ಜೋಮು ಹಿಡಿದ ಕಾಲಿನ ಹಾಗೆ ಒಳಗೆಲ್ಲ ಮರಗಟ್ಟಿತ್ತು. ರೊಟ್ಟಿ ಬುತ್ತಿ ಬಿಚ್ಚಿದ ಶಾರವ್ವ ಅಂದು ನಗಲಿಲ್ಲ; ಅವನು ತಿಂದ, ಚಟ್ನಿಯ ಖಾರ ಗೊತ್ತಾಗಲಿಲ್ಲ.

ಮಾರನೆಯ ಸಂಜೆ ಡೈರೆಕ್ಟರು ಕಂಬಳಿ ಹೊದ್ದು ಬಂದು ಕುರ್ಚಿಯಲ್ಲಿ ಕೂತರು. ದೇವಪ್ಪ ಹಲಗೆ ಬಡಿದು ಓಡಿದ. ‘ಆ್ಯಕ್ಷನ್’ ಎಂಬ ದನಿ ಬಂತು. ನಾಯಕಿ ಇಳಿದಳು. ಶಾಟ್ ಚಲೋ ಬಂತು.

ಮುಂದಿನ ವರ್ಷ ಆ ಚಿತ್ರ ಇಳಕಲ್ಲಿನ ಟಾಕೀಜಿಗೆ ಬಂದಾಗ ಗಂಡ ಹೆಂಡತಿ ಜೊತೆಗೂಡಿ ಹೋದರು. ಸಾವುಕಾರರ ಹೊಸ ಪಿಕ್ಚರ್ ಬೇರೊಬ್ಬನ ಕೈಯಲ್ಲಿ ಅರ್ಧ ಮುಗಿದಿತ್ತು. ಪರದೆಯ ಮೇಲೆ ಗುಡಿಯ ಕಲ್ಲು ಕೆಂಪಾಯಿತು.

“ಇಲ್ಲೇ ಅಲ್ಲೇನ್ರಿ ನೀವು ನಿಂತಿದ್ದು?” ಎಂದು ಶಾರವ್ವ ಪಿಸುಗುಟ್ಟಿದಳು.

ದೇವಪ್ಪ ಕತ್ತಲಲ್ಲಿ, ಕೂತಲ್ಲೇ, ಯಾರಿಗೂ ಅಡ್ಡ ಬರಬಾರದೆಂಬಂತೆ ಬದಿಗೆ ಸರಿದು ಉಸಿರು ಬಿಗಿಹಿಡಿದಿದ್ದ.