ಮೂರನೆಯ ಕೋಟೆ

ನಿಂಜಾ ಹದಿನೇಳನೆಯ ಸಲ ಸತ್ತ. ಕೋಟೆಯ ಹೆಂಚಿನ ಮೇಲಿಂದ ಕಾಲು ಜಾರಿ, ಎರಡು ಪಲ್ಟಿ ಹೊಡೆದು ಕಂದಕಕ್ಕೆ ಬಿದ್ದ. ಟಿವಿ ಪರದೆ ಕೆಂಪಾಯಿತು. ಅಕ್ಕ ಕಂಟ್ರೋಲರನ್ನು ತೊಡೆಯ ಮೇಲಿಟ್ಟು ಹೆಬ್ಬೆರಳು ನೀವಿಕೊಂಡಳು.

"ಅತ್ತೆ, ನೀವು ಕಾವಲುಗಾರನ್ನ ಕಂಡ ತಕ್ಷಣ ಓಡ್ತೀರ," ಅಂದಳು ಮಂಚದ ತುದಿಯಲ್ಲಿ ಕೂತಿದ್ದ ತಮ್ಮನ ಮಗಳು. "ನಿಂಜಾ ಓಡೋನಲ್ಲ, ಕಾಯೋನು."

"ಇದನ್ನ ಮೊದಲೇ ಹೇಳಬಾರದಿತ್ತಾ? ಹದಿನೇಳು ಹೆಣ ಬಿದ್ದವಲ್ಲೇ."

ಮೂವತ್ತು ವರ್ಷ ಪುಸ್ತಕದ ಬೈಂಡಿಂಗ್ ಶೆಡ್ಡಿನಲ್ಲಿ ನಿಂತೇ ಕೆಲಸ ಮಾಡಿದ ಅವಳ ಮಂಡಿಗೆ ಆಪರೇಷನ್ ಆಗಿ ತಿಂಗಳಾಗಿತ್ತು. ಆ ಶೆಡ್ಡಿನಲ್ಲೂ ಎಲ್ಲರ ಬಾಯಲ್ಲಿ ಅವಳು ಅಕ್ಕನೇ. ಅತ್ತೆಗೆ ಬೇಜಾರಾಗದಿರಲೆಂದು ಹುಡುಗಿ ತನ್ನ ಆಟದ ಯಂತ್ರವನ್ನು ತಂದು ಟಿವಿಗೆ ಜೋಡಿಸಿದ್ದಳು. ಮೊದಲ ವಾರ ನಿಂಜಾ ಬರೀ ಗೋಡೆಗೆ ಕತ್ತಿ ಬೀಸುತ್ತಿದ್ದ. ಎರಡನೆಯ ವಾರ ಹಗ್ಗ ಹಿಡಿದು ಹತ್ತುವುದು, ಹುಲ್ಲಿನಲ್ಲಿ ಅಡಗುವುದು ಬಂತು. ಎರಡು ಕೋಟೆ ದಾಟಿದ್ದಾಯಿತು. ಮೂರನೆಯದರಲ್ಲಿ ಬಂಡಿ ನಿಂತುಬಿಟ್ಟಿತ್ತು.

ಹಾಗೆ ನಿಂತುಬಿಟ್ಟದ್ದು ಅವಳ ಬಾಳಿನಲ್ಲಿ ಬೇಕಾದಷ್ಟಿತ್ತು. ಅಮ್ಮ ತೀರಿಕೊಂಡಾಗ ಹತ್ತನೆಯ ಕ್ಲಾಸು ನಿಂತಿತು, ತಮ್ಮನಿಗೆ ಆಗ ಆರು ವರ್ಷ. ಹಾರ್ಮೋನಿಯಂ ಪಾಠವೂ ನಿಂತಿತು. ತಮ್ಮ ದೊಡ್ಡವನಾಗಿ ಡ್ರೈವಿಂಗ್ ಸ್ಕೂಲು ತೆರೆದ ಮೇಲೆ ಅವಳು ಒಮ್ಮೆ ಸ್ಟೀರಿಂಗ್ ಹಿಡಿದದ್ದುಂಟು. ಎರಡು ದಿನಕ್ಕೇ ಅವನು, "ನಿನಗ್ಯಾಕೆ ಈ ತಾಪತ್ರಯ? ಎಲ್ಲಿಗೆ ಬೇಕೋ ಹೇಳು, ನಾನೇ ಬಿಡ್ತೀನಿ," ಅಂದಿದ್ದ. ಪ್ರೀತಿಯ ಮಾತೇ. ಅಂದಿನಿಂದ ಎಲ್ಲಿಗೆ ಹೋದರೂ ಅವನೇ ಬಿಡುತ್ತಿದ್ದ.

ಭಾನುವಾರ ಮಧ್ಯಾಹ್ನ ಅವನು ತರಕಾರಿ ಚೀಲ ಹಿಡಿದು ಬಂದಾಗ ನಿಂಜಾ ಇಪ್ಪತ್ತಮೂರನೆಯ ಸಲ ಕಂದಕದಲ್ಲಿದ್ದ. ಬಾಗಿಲಲ್ಲೇ ನಿಂತು ಇನ್ನೂ ಎರಡು ಸಾವು ನೋಡಿದ ತಮ್ಮ ಚೀಲ ಕೆಳಗಿಟ್ಟು ಕೈ ಚಾಚಿದ.

"ಕೊಡಿಲ್ಲಿ ಅಕ್ಕ. ಒಂದು ನಿಮಿಷದಲ್ಲಿ ದಾಟಿಸಿಕೊಡ್ತೀನಿ."

ರೂಢಿಬಲದಿಂದ ಅವಳ ಕೈ ಅರ್ಧ ಮುಂದೆ ಹೋಯಿತು. ಅಲ್ಲೇ ನಿಂತಿತು.

"ಬೇಡ."

"ಅಲ್ಲ, ಎಷ್ಟು ಹೊತ್ತಿಂದ ಕಷ್ಟಪಡ್ತಿದ್ದೀಯ..."

"ಕಷ್ಟಪಟ್ಟಿದ್ದೀನಿ ಅಂತಲೇ ಬೇಡ ಅಂದಿದ್ದು. ನಿನ್ನ ಕಾರಲ್ಲಾದ್ರೆ ಕಲಿಯೋರ ಪಕ್ಕ ಕೂತು ನಿನ್ನ ಕಡೆಯ ಇನ್ನೊಂದು ಬ್ರೇಕ್ ಮೇಲೆ ಕಾಲಿಟ್ಟಿರ್ತೀಯ. ಇಲ್ಲಿ ನಿನಗೆ ಬ್ರೇಕ್ ಇಲ್ಲ ಕಣೋ. ಕೂತ್ಕೋ."

ತಮ್ಮ, ಮಗಳ ಮುಖ ನೋಡಿದ. ಅವಳು ನಗು ತಡೆದುಕೊಂಡು ಜಾಗ ಬಿಟ್ಟಳು.

ಅಕ್ಕ ಮತ್ತೆ ಹೆಂಚಿನ ಮೇಲೇರಿದಳು. ಈ ಸಲ ಓಡಲಿಲ್ಲ. ಕಾವಲುಗಾರ ಲಾಟೀನು ಹಿಡಿದು ಏಳು ಹೆಜ್ಜೆ ನಡೆಯುತ್ತಿದ್ದ, ನಿಲ್ಲುತ್ತಿದ್ದ, ತಿರುಗುತ್ತಿದ್ದ. ಮತ್ತೆ ಏಳು. ಶೆಡ್ಡಿನ ಉದ್ದನೆಯ ಮೇಜಿನ ಪಕ್ಕ ನಡೆಯುತ್ತ ಒಂದೊಂದು ಕಟ್ಟಿನಿಂದ ಒಂದೊಂದು ಹಾಳೆ ಎತ್ತಿ ಪುಸ್ತಕ ಸೇರಿಸುವಾಗ ಅವಳ ಕಾಲಿಗೂ ಕೈಗೂ ಇದೇ ಲಯವಿರುತ್ತಿತ್ತು. ಅವಸರ ಮಾಡಿದರೆ ಎರಡು ಹಾಳೆ ಬರುತ್ತವೆ, ತಡಮಾಡಿದರೆ ಹಿಂದಿನವಳು ಬಂದು ಬೆನ್ನಿಗೆ ತಾಗುತ್ತಾಳೆ. ಅವಳು ತುಟಿಯಲ್ಲೇ ಎಣಿಸಿದಳು. ಐದು. ಆರು. ಏಳು. ಲಾಟೀನು ಆಚೆ ತಿರುಗಿತು.

ಹೆಬ್ಬೆರಳು ತಾನಾಗಿ ಒತ್ತಿತು. ನಿಂಜಾ ಕಂದಕದ ಮೇಲೆ ಹಾರಿದ, ಹಗ್ಗ ಸಿಕ್ಕಿತು, ಗೋಡೆ ಸಿಕ್ಕಿತು, ಕಾವಲುಗಾರನ ಬೆನ್ನ ಹಿಂದೆ ಬೆಕ್ಕಿನ ಹಾಗೆ ಇಳಿದು ಕಿಂಡಿಯೊಳಗೆ ನುಸುಳಿದ. ಕೋಟೆಯ ಬಾಗಿಲು ಕಿರುಗುಟ್ಟುತ್ತ ತೆರೆದುಕೊಂಡಿತು.

ಅಕ್ಕನಿಗೆ ಎದೆಯೊಳಗೆ ಏನೋ ಹಿಗ್ಗಿ, ಬೆನ್ನು ತಾನಾಗಿ ನೆಟ್ಟಗಾಯಿತು.

"ಇದನ್ನ ಪೂರ್ತಿ ನೀನೇ ಕಲಿತೆಯಾ?" ತಮ್ಮನ ದನಿ ಸಣ್ಣದಾಗಿತ್ತು.

"ನಾನು ಗುಂಡಿ ತೋರಿಸಿದ್ದು ಅಷ್ಟೇ ಅಪ್ಪ," ಅಂದಳು ಹುಡುಗಿ. "ಇಲ್ಲಿ ನಾನು ನಲವತ್ತು ಸಲ ಸತ್ತಿದ್ದೆ."

ತಮ್ಮ ನೆಲದ ಮೇಲೆ ಚಕ್ಕಂಬಕ್ಕಳ ಹಾಕಿ ಕೂತ. "ಆಮೇಲೆ ಏನು ಬರತ್ತೆ ಅಕ್ಕ?"

"ನನಗೇನು ಗೊತ್ತು? ನಾನೂ ಈಗ ತಾನೆ ಬಂದೆ."

ಪರದೆಯ ಮೇಲೆ ಹಿಮ ಬೀಳುತ್ತಿತ್ತು. ಕಣ್ಣು ಹಾಯುವಷ್ಟು ದೂರ ಬಿಳಿ ಬಯಲು, ನಡುವೆ ಕಪ್ಪು ಬಟ್ಟೆಯ ನಿಂಜಾ ಒಬ್ಬನೇ. ಅಕ್ಕ ಹೆಬ್ಬೆರಳನ್ನು ಮೆಲ್ಲಗೆ ಮುಂದಕ್ಕೆ ತಳ್ಳಿದಳು. ಹಿಮದಲ್ಲಿ ಒಂದು ಹೆಜ್ಜೆ ಮೂಡಿತು, ಅದರ ಮುಂದೆ ಇನ್ನೊಂದು.