ನೆಲದ ಮೇಲಿಟ್ಟ ಮೀಟರು

ಬೀದಿದೀಪದ ಇಂಜಿನಿಯರಿಗೆ ಆ ತಿಂಗಳು ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ತನ್ನ ಮನೆಯ ಬೀದಿಯಲ್ಲಿದ್ದ ಹಳೆಯ ಹಳದಿ ದೀಪಗಳನ್ನೆಲ್ಲ ಕೀಳಿಸಿ, ಬಿಳಿ ದೀಪ ಹಾಕಿಸಿದ್ದ. ಕಂಬದಿಂದ ಕಂಬಕ್ಕೆ ನಡೆದು, ಬೆಳಕು ಅಳೆಯುವ ಮೀಟರನ್ನು ನೆಲದ ಮೇಲಿಟ್ಟು ಅಂಕಿ ಬರೆದುಕೊಂಡಿದ್ದ. ಅಂಕಿಗಳು ಬೊಂಬಾಟಾಗಿದ್ದವು. ಸಾಸಿವೆ ಬಿದ್ದರೂ ಹೆಕ್ಕಬಹುದು ಎಂದು ಸಿಕ್ಕಸಿಕ್ಕವರ ಮುಂದೆಲ್ಲ ಕೊಚ್ಚಿಕೊಂಡ.

ಮನೆಯಲ್ಲಿ ಮಾತ್ರ ಒಂದು ಕಿರಿಕಿರಿ. ಬಟ್ಟೆ ಹೊಲಿಯುವ ಅವನ ಅಕ್ಕ ದಿನವಿಡೀ ಮಿಷನ್ ತುಳಿದು, ಬೀದಿದೀಪ ಹತ್ತಿದ ಮೇಲೆ ಬೀದಿಯ ಕೊನೆಯವರೆಗೂ ನಡೆದು ಬರುತ್ತಿದ್ದಳು. ಈಗ ಹೊಸ್ತಿಲು ದಾಟುತ್ತಿರಲಿಲ್ಲ. ಮಂಡಿ ಊದಿಕೊಂಡಿತ್ತು. ನಡೆಯದಿದ್ದರೆ ಕಾಲು ಕೈಕೊಡುತ್ತದೆ ಎಂದು ಡಾಕ್ಟರು ಹೆದರಿಸಿದ್ದರು.

"ಬೀದೀನ ಹಗಲು ಮಾಡಿಟ್ಟಿದೀನಿ, ನೀನು ನೋಡಿದ್ರೆ ಮೂಲೆ ಹಿಡಿದು ಕೂತಿದೀಯ. ಸೋಮಾರಿತನಕ್ಕೂ ಒಂದು ಮಿತಿ ಬೇಡ್ವಾ ಅಕ್ಕ?" ಎಂದು ರೇಗಿದ.

ಅಕ್ಕ ಸೂಜಿಗೆ ದಾರ ಪೋಣಿಸುತ್ತಲೇ ಹೇಳಿದಳು: "ಹಗಲು ಮಾಡಿದೀಯಲ್ಲ, ಅದಕ್ಕೇ ಹೋಗಲ್ಲ ಕಣೋ. ಆ ಹಳದಿ ಬೆಳಕಲ್ಲಿ ಎಲ್ಲರದ್ದೂ ಒಂದೇ ಬಣ್ಣ. ನನ್ನ ಮುಖದ ಬಿಳಿ ಮಚ್ಚೆ ಯಾರಿಗೂ ಕಾಣ್ತಿರ್ಲಿಲ್ಲ. ದಿನಕ್ಕೆ ಅರ್ಧ ಗಂಟೆ ನಾನೂ ತಲೆ ಎತ್ಕೊಂಡು ನಡೀತಿದ್ದೆ."

ವಾದ ಮಾಡುವ ಚಾಳಿ ಅವನನ್ನು ಬಿಡಬೇಕಲ್ಲ! "ಇರೋದೇ ಒಂದು ಚಿಕ್ಕ ಮಚ್ಚೆ, ಅದೂ ಕಿವಿ ಹತ್ರ. ಅದನ್ನ ಯಾರು ನೋಡ್ತಾರೆ?"

ಅಕ್ಕ ಹೊಲಿಗೆ ಪಕ್ಕಕ್ಕಿಟ್ಟು ಮುಖ ಎತ್ತಿದಳು. "ನೀನಂತೂ ನೋಡಿಲ್ಲ ಬಿಡು."

ಹಣೆಯ ಮೇಲೊಂದು. ತುಟಿಯ ಅಂಚಿನಲ್ಲೊಂದು. ಒಂದು ಕೆನ್ನೆಯಂತೂ ಅರ್ಧ ಬೆಳ್ಳಗಾಗಿತ್ತು. ಇವೆಲ್ಲ ಯಾವಾಗ ಹಬ್ಬಿದವು? ಇಬ್ಬರೂ ಇರುವುದು ಒಂದೇ ಮನೆಯಲ್ಲಿ, ಎರಡು ಹೊತ್ತೂ ಅವಳೇ ಬಡಿಸಬೇಕು. ಬೀದಿಗೆಲ್ಲ ಬೆಳಕು ಕೊಟ್ಟ ಮಹಾಶಯ ಅನ್ನ ಹಾಕಿದವಳ ಮುಖ ನೋಡಿರಲಿಲ್ಲ. ನಾಚಿಕೆಯಿಂದ ಭೂಮಿಗಿಳಿದು ಹೋದ.

"ದೀಪ ಬದಲಾಯಿಸ್ತೀನಕ್ಕ. ತಪ್ಪು ನಂದು ಅಂತ ಆಫೀಸಿಗೆ ಬರ್ಕೊಡ್ತೀನಿ."

ಅವಳು ಹೊಲಿಗೆ ಎತ್ತಿಕೊಂಡಳು.

ಮರುದಿನ ದೀಪ ಹತ್ತುವ ಹೊತ್ತಿಗೆ ಬೀದಿಗಿಳಿದು, ಮೊದಲ ಬಾರಿಗೆ ಮೀಟರನ್ನು ತನ್ನ ಮುಖದ ಮಟ್ಟಕ್ಕೆ ಹಿಡಿದ. ಬೆಳಕು ಕಣ್ಣಿಗೆ ಚುಚ್ಚಿತು. ಮೊದಲೆಲ್ಲ ಕಂಬದ ಬುಡದಲ್ಲಿ ನಿಂತು ಹರಟುತ್ತಿದ್ದವರು ಈಗ ತಲೆ ತಗ್ಗಿಸಿ ಸರಸರನೆ ಹೋಗುತ್ತಿದ್ದರು. ಇದೂ ಅವನಿಗೆ ಇವತ್ತೇ ಕಂಡದ್ದು.

ಪಕ್ಕದ ಮನೆಯವರು ಗೇಟಿನಿಂದಲೇ ಕೂಗಿದರು: "ಏನ್ ಸಾರ್, ಸಾಸಿವೆ ಸಿಕ್ತಾ?"

ತನ್ನ ಪೆಚ್ಚಾದ ಮುಖ ಅವರಿಗೆ ಸ್ಪಷ್ಟವಾಗಿ ಕಾಣುತ್ತಿದೆ ಎಂಬುದು ನೆನಪಾಗಿ, ಬೆಳಕಿಗೆ ಬೆನ್ನು ಮಾಡಿ ನಿಂತ.