ಪೊನಿದಿಯಜ್ಜನ ಕೋಟಿನ ಗುಂಡಿ

ನೆತ್ತಿ ಸುಡುವ ಬಿಸಿಲಿನಲ್ಲೂ ಪೊನಿದಿಯಜ್ಜ ಆ ಕಪ್ಪು ಉಣ್ಣೆಯ ಕೋಟನ್ನು ಬಿಟ್ಟವನಲ್ಲ. ಮೆರಾಪಿ ಬೆಂಕಿಬೆಟ್ಟದ ತಪ್ಪಲಿನಲ್ಲಿ ಬಿದಿರುಕುದುರೆಯ ಕುಣಿತ ಎಲ್ಲೇ ನಡೆಯಲಿ, ಕುಣಿಯುವವರ ಮೈದುಂಬಿದ ದೈವಗಳನ್ನು ಮರಳಿ ಕಳುಹಿಸುವ ಹೊಣೆ ಅವನದು. ಒಬ್ಬರ ಕಣ್ಣು ಹೊರಳಿತೆಂದರೆ ಕೋಟಿಗೆ ಒಂದು ಗುಂಡಿ ಹಾಕುವನು, ಅವರು ಎಚ್ಚೆತ್ತು ನೀರು ಕೇಳಿದರೆಂದರೆ ಒಂದು ಗುಂಡಿ ಬಿಚ್ಚುವನು. ಕೊಕ್ಕರೆಯ ಹಾಗೆ ಕಾಲೆತ್ತಿ ಇಡುವ ನಡಿಗೆ. ದಾರಿ ಬಿಟ್ಟ ಕೋಳಿಗೂ "ಉಪಕಾರ ಆಯ್ತು" ಎನ್ನುವ ಬಾಯಿ. ಉಳಿದವರು ಚಾಟಿ ಬೀಸಿ, ಬೈದು ದೈವವನ್ನು ಅಟ್ಟಿದರೆ ಇವನು ಕಿವಿಯಲ್ಲಿ ಉಸುರಿ, ನೆಂಟರನ್ನು ಬೀಳ್ಕೊಟ್ಟಂತೆ ಕಳುಹಿಸುವನು.

"ದೆವ್ವಕ್ಕೂ ಎಲೆಅಡಿಕೆ ಕೊಟ್ಟು ಬಾಗಿಲ ತನಕ ಹೋಗ್ತೀಯೇನಜ್ಜಾ?" ಎಂದು ಮದ್ದಲೆಯ ವಾಗಿರಾನ್ ಕಿಚಾಯಿಸುತ್ತಿದ್ದ.

"ಕರೆದೋರು ನಾವೇ ಅಲ್ವೇನೋ ಮಗಾ? ಕರೆದು ಬೈಯೋದು ಯಾವೂರ ಮರ್ಯಾದೆ?"

ಆ ವರ್ಷ ಸುಗ್ಗಿ ಮುಗಿದು ಊರಿನ ಹರಕೆ ಕುಣಿತ. ಮಸೀದಿಯ ಸಂಜೆಯ ಬಾಂಗಿಗೆ ಮುಂಚೆ ಮುಗಿಸಬೇಕೆಂಬ ಅವಸರ. ಎಂಟೂ ಕುದುರೆಗಳ ಕುಣಿತಗಾರರು ಎಚ್ಚೆತ್ತದ್ದೇ ತಡ, ವಾಗಿರಾನ್ ಮದ್ದಲೆಯನ್ನು ಚೀಲಕ್ಕಿಳಿಸಿದ. ವಾದ್ಯ ನಿಂತರೆ ದೈವಕ್ಕೆ ಹಿಂದಿರುಗುವ ದಾರಿಯೇ ಇಲ್ಲವೆಂಬುದು ಅವನಿಗೆ ತಿಳಿಯದ್ದೇನಲ್ಲ.

"ನಿಲ್ಲಿಸಬೇಡ್ರೋ! ಇನ್ನೊಂದು ಗುಂಡಿ ಇದೆ. ನೋಡೋರ ಗುಂಪಲ್ಲಿ ಯಾರೋ ತೂಗಾಡ್ತಿದ್ರು, ಮುಖ ಕಾಣಲಿಲ್ಲ," ಎಂದ ಅಜ್ಜ.

"ಎಂಟು ಕುದುರೆ, ಎಂಟು ಜನ. ಅರಳುಮರಳು ನಿಂಗೆ, ಕೋಟು ಬಿಚ್ಚಜ್ಜಾ!" ಎಂದ ವಾಗಿರಾನ್.

ಎಲ್ಲರೂ ನಕ್ಕರು. ಅಜ್ಜ ನಗದೆ ಜನರೊಳಗೆ ನುಗ್ಗಿ ಒಬ್ಬೊಬ್ಬರ ಕಣ್ಣನ್ನೂ ನೋಡುತ್ತಾ ಹೋದ. ಅಂಗಳದಂಚಿನಲ್ಲಿ ಸೋಯಾ ಕಾಳಿನ ಟೆಂಪೆ ಕರಿದು ಮಾರುವ ಸಾರ್ಮಿ ಬೆನ್ನು ತಿರುಗಿಸಿ ನಿಂತಿದ್ದಳು. ಕಣ್ಣು ಹೊರಳಿತ್ತು, ಬಾಯಲ್ಲಿ ಹಸಿ ಬಾಳೆಲೆ, ಬರಿಗೈ ಕುದಿಯುವ ಎಣ್ಣೆಯ ಮೇಲೆ. ಅವಳು ವಾಗಿರಾನನ ಹೆಂಡತಿ. ಅಜ್ಜ ಆ ಕೈಯನ್ನು ಹಿಡಿದು ಕೂಗಿದ: "ಬಾರಿಸೋ!"

ವಾಗಿರಾನ್ ತಿರುಗಿ ಹೆಂಡತಿಯನ್ನು ಕಂಡ. ಚೀಲದಿಂದ ಮದ್ದಲೆಯನ್ನು ಎಳೆದು ಬಾರಿಸತೊಡಗಿದ.

"ಬಂದಿದ್ದು ಉಪಕಾರ ಆಯ್ತು, ದೊಡ್ಡೋರೇ. ಕುಣಿದ್ರಿ, ನಮಗೂ ಸಂತೋಷ. ಈಗ ನಮ್ಮ ಮಗಳನ್ನ ನಮಗೇ ಬಿಟ್ಟು ಹೊರಡಿ," ಎಂದು ಅಜ್ಜ ಅವಳ ಕಿವಿಯಲ್ಲಿ ಉಸುರಿದ. ಬಹಳ ಹೊತ್ತು ಏನೂ ಆಗಲಿಲ್ಲ. ಆಮೇಲೆ ಸಾರ್ಮಿ ಎಲೆ ಉಗುಳಿ, "ನೀರು..." ಎಂದಳು. ಅಜ್ಜ ಕೊನೆಯ ಗುಂಡಿ ಬಿಚ್ಚಿದ.

ವಾಗಿರಾನ್ ಅವನ ಕಾಲು ಹಿಡಿದು ಅತ್ತ. ಅಜ್ಜನದೋ ಅದೇ ಮಾತು: "ಚೆನ್ನಾಗಿ ಬಾರಿಸಿದೆ, ಉಪಕಾರ ಆಯ್ತು." ಅಂದಿನಿಂದ ವಾಗಿರಾನ್ ಆ ಕೋಟು ಪೂರ್ತಿ ತೆರೆಯುವವರೆಗೆ ಮದ್ದಲೆಯಿಂದ ಕೈ ತೆಗೆದದ್ದಿಲ್ಲ.

ಆವಾಹನೆ ಬಲ್ಲವರು ಊರಿಗೆ ಹತ್ತು ಜನ ಸಿಗುತ್ತಾರೆ, ಅವರಿಗೆ ಚಪ್ಪಾಳೆಯೂ ಸಿಗುತ್ತದೆ. ಆದರೆ ಕಟ್ಟಕಡೆಯವರು ಮರಳುವ ತನಕ, ನಗುವವರ ನಡುವೆ ಬೆವರುತ್ತಾ ಕೋಟು ತೊಟ್ಟು ನಿಲ್ಲುವವರು ಅಪರೂಪ. ನಾವೆಲ್ಲ ನಮ್ಮವರ ಕೈಹಿಡಿದು ಮನೆಗೆ ಹೋಗುವುದು ಅವರ ಋಣದಲ್ಲಿ.